ಬೇವಿನ ಹಾಸಿಗೆಯ ಕಂಬಳಿಹುಳ

ಸುಜಾತಾಳ ಕುತ್ತಿಗೆಯ ಮೇಲೆ ಮೊದಲ ದದ್ದು ಎದ್ದದ್ದು ಸೋಮವಾರ ಮಧ್ಯಾಹ್ನ. ಅಂಗಳದ ತಂತಿಯ ಮೇಲೆ ಒಣಗಿದ್ದ ಕುಪ್ಪಸ ತಂದು ತೊಟ್ಟು ಅರ್ಧ ಗಂಟೆಯೂ ಆಗಿರಲಿಲ್ಲ. ಸಂಜೆಯ ಹೊತ್ತಿಗೆ ಕುತ್ತಿಗೆ, ಬೆನ್ನು, ಮೊಣಕೈಯ ಮಡಿಕೆ, ಎಲ್ಲೆಲ್ಲೂ ಕೆಂಪು ಗುಳ್ಳೆ. ಅತ್ತೆ ಸುಭದ್ರಮ್ಮ ಬೆಳಕಿಗೆ ನಿಲ್ಲಿಸಿ ಒಂದು ಸಲ ನೋಡಿದಳು, ನೋಡಿದವಳೇ ತಲೆಯ ಮೇಲೆ ಸೆರಗು ಹೊದ್ದು ಕೈ ಮುಗಿದಳು.

“ಅಮ್ಮ ಬಂದಾಳ ಬೇ. ಇನ್ನ ಹನ್ನೊಂದು ದಿನ ಜಳಕ ಇಲ್ಲ, ತಲಿ ಬಾಚಂಗಿಲ್ಲ, ಹೊಸ್ತಲ ದಾಟಂಗಿಲ್ಲ.”

“ಜ್ವರಾನ ಇಲ್ಲಲ್ರಿ ಅತ್ತಿ.”

“ಒಳಜ್ವರ ಇರತೈತಿ. ಅದು ನಿನಗೆಂಗ ತಿಳೀತೈತಿ?”

ಒಳಜ್ವರದ ಮುಂದೆ ಯಾವ ವಾದ ನಿಂತೀತು ಹೇಳಿ. ಥರ್ಮಾಮೀಟರು ಕೂಡ ಸೋಲುತ್ತದೆ.

ಸುಜಾತಾ ಹೆದರಿದ್ದು ಗುಳ್ಳೆಗಳಿಗಲ್ಲ, ಆ ಹನ್ನೊಂದು ದಿನಕ್ಕೆ. ಮುಂದಿನ ಮಂಗಳವಾರ ಹತ್ತು ಗಂಟೆಗೆ ಅವಳ ಡ್ರೈವಿಂಗ್ ಟೆಸ್ಟ್ ಇತ್ತು. ಹೆಂಗಸರಿಗೆ ಎಲೆಕ್ಟ್ರಿಕ್ ಆಟೊ ಕಲಿಸುವ ಸಂಸ್ಥೆಯೊಂದರಲ್ಲಿ ಎರಡು ತಿಂಗಳು ಬಿಸಿಲಲ್ಲಿ ಬೆವರು ಸುರಿಸಿದ್ದಳು. ಹನ್ನೆರಡು ಗಾಡಿ, ಹನ್ನೆರಡು ಜನ. ಟೆಸ್ಟಿಗೆ ಬಾರದವಳ ಗಾಡಿ ಸರದಿಯಲ್ಲಿ ಕಾಯುತ್ತಿರುವ ಹದಿಮೂರನೆಯವಳಿಗೆ ಹೋಗುತ್ತದೆ ಎಂದು ಮೊದಲ ದಿನವೇ ಹೇಳಿದ್ದರು. ಮಂಗಳವಾರವೆಂದರೆ ಒಂಬತ್ತನೆಯ ದಿನ.

ಟಿನ್ ಫ್ಯಾಕ್ಟರಿಯ ಹಿಂದಿನ ಗಲ್ಲಿಯ ವಠಾರದಲ್ಲಿ, ಮೆಟ್ಟಿಲು ಹತ್ತಿದರೆ ಸಿಗುವ ಒಂದೇ ಕೋಣೆ ಅವರದು. ಕೊಪ್ಪಳದ ಕಡೆಯಿಂದ ಬಂದು ನಾಲ್ಕು ವರ್ಷವಾಗಿತ್ತು. ಒಂದು ಬಾಗಿಲು, ಒಂದು ಕಿಟಕಿ, ಕಿಟಕಿಯಾಚೆ ಅಂಗಳದಲ್ಲಿ ಒಂದಕ್ಕೊಂದು ಒರಗಿಕೊಂಡ ಬಾದಾಮಿ ಮರ ಮತ್ತು ಬೇವಿನ ಮರ. ಗಂಡ ಶಿವಪುತ್ರ ಸೆಂಟ್ರಿಂಗ್ ಕೆಲಸದವನು. ಅವನನ್ನು ಸುಭದ್ರಮ್ಮ ಆ ಸಂಜೆಯೇ ಗೆಳೆಯನ ಕೋಣೆಗೆ ಓಡಿಸಿದಳು.

“ನಾನ ನೋಡ್ಕೋತೀನಿ. ನನಗ ಏಳು ವರ್ಷದಾಕಿ ಇದ್ದಾಗ ಬಂದು ಹೋಗ್ಯಾಳ,” ಎಂದು ಕೆನ್ನೆಯ ಮೇಲಿನ ಹಳೆಯ ಕುಳಿಗಳನ್ನು ಮುಟ್ಟಿ ತೋರಿಸಿದಳು. “ಒಮ್ಮೆ ಬಂದು ಹೋದ ಮೈಗೆ ಆಕಿ ಮತ್ತ ಬರಂಗಿಲ್ಲ.”

ಚಾಪೆಯ ಮೇಲೆ ಬೇವಿನ ಸೊಪ್ಪು ಹಾಸಿಯಾಯಿತು, ಬಾಗಿಲಿಗೆ ಬೇವಿನ ಟೊಂಗೆ ಸಿಕ್ಕಿಸಿಯಾಯಿತು. ಒಗ್ಗರಣೆ ಬಂದ್, ಮೊಸರನ್ನ ಶುರು. ಮಾರನೆಯ ದಿನ ಮನೆ ಮಾಲೀಕರ ಹೆಂಡತಿ ಆದಿಲಕ್ಷ್ಮಿ ಮೆಟ್ಟಿಲ ಕೆಳಗೇ ನಿಂತು ಕಿಟಕಿಯತ್ತ ಮುಖ ಎತ್ತಿ ಹೇಳಿದಳು: “ಮಕ್ಕಳಿರೋ ವಠಾರ ನೋಡಮ್ಮ. ನಿಮ್ಮತ್ತೆ ಅಮ್ಮನ್ನ ಕಳಿಸೋ ನೀರು ಹಾಕೋವರ್ಗೂ ಆಚೆ ಬರ್ಬೇಡ. ಬಂದ್ರೆ ಮನೆ ಖಾಲಿ ಮಾಡ್ಬೇಕಾಗುತ್ತೆ.”

ಬಾಗಿಲಿಗೆ ಬೀಗ ಹಾಕಿರಲಿಲ್ಲ. ಬೀಗವಿದ್ದರೆ ಮುರಿಯುವ ದಾರಿಯಾದರೂ ಇರುತ್ತಿತ್ತು. ಇಲ್ಲಿ ಅಡ್ಡ ನಿಂತದ್ದು ದೇವರು, ಅತ್ತೆ, ಕೆಳಗಿನ ಏಳು ಮನೆಗಳ ಮಕ್ಕಳು. ಸುಜಾತಾ ಮಲಗಿದಲ್ಲೇ ಚಾಪೆಯ ಅಂಚಿನಲ್ಲಿ ಬೆರಳಿನಿಂದ ಎಂಟರ ಆಕಾರ ಬರೆಯುತ್ತಿದ್ದಳು. ಟೆಸ್ಟಿನಲ್ಲಿ ಆಟೊವನ್ನು ಹಾಗೆಯೇ ಎಂಟು ಸುತ್ತಿಸಿ ತೋರಿಸಬೇಕಿತ್ತು.

ಸುಭದ್ರಮ್ಮನ ಉತ್ಸಾಹ ಮಾತ್ರ ನೋಡುವಂತಿತ್ತು. ಬೆಳಿಗ್ಗೆ ಎದ್ದವಳೇ ಅಂಗಳಕ್ಕಿಳಿದು ಕುಡುಗೋಲು ಕಟ್ಟಿದ ಕೋಲಿನಿಂದ ಹೊಸ ಸೊಪ್ಪು ಕೊಯ್ದು, ಎರಡೂ ತೋಳಲ್ಲಿ ತಬ್ಬಿಕೊಂಡು ತರುತ್ತಿದ್ದಳು. ಆಮೇಲೆ ಇಡೀ ದಿನ ಸೊಸೆಯ ಪಕ್ಕದಲ್ಲಿ ಕೂತು ಮಾತು. ತವರಿನ ಎಮ್ಮೆ, ಸತ್ತ ಗಂಡ ಹುಲಿಗೆಪ್ಪನ ಮುಂಗೋಪ, ಮದುವೆಯಲ್ಲಿ ಹೋಳಿಗೆ ಸಾಲದೆ ಬೀಗರು ಮುನಿಸಿಕೊಂಡದ್ದು. ನಾಲ್ಕು ವರ್ಷದಲ್ಲಿ ಆಡದಷ್ಟು ಮಾತನ್ನು ನಾಲ್ಕು ದಿನದಲ್ಲಿ ಆಡಿದಳು. ಸುಜಾತಾ ಹೂಂಗುಟ್ಟುತ್ತಾ ಬೆನ್ನನ್ನು ಗೋಡೆಗೆ ತಿಕ್ಕುತ್ತಿದ್ದಳು. ಹಳೆಯ ಗುಳ್ಳೆ ಇಳಿಯುವಷ್ಟರಲ್ಲಿ ಹೊಸದು ಏಳುತ್ತಿತ್ತು. ಅಮ್ಮನ ಗುಳ್ಳೆಯಲ್ಲಿ ತುಂಬುವ ನೀರು ಒಂದರಲ್ಲೂ ಇರಲಿಲ್ಲ.

ಮೂರನೆಯ ದಿನ, ಬುಧವಾರ, ಸೊಪ್ಪಿನೊಳಗೆ ಏನೋ ಮಿಸುಕಿತು. ಬೆರಳುದ್ದವೂ ಇಲ್ಲದ ಒಂದು ಹುಳ, ಮೈತುಂಬ ಕೂದಲು. ಸುಜಾತಾ ಅದನ್ನು ಕಡ್ಡಿಯಿಂದ ಎತ್ತಿ ಖಾಲಿ ಉಪ್ಪಿನಕಾಯಿ ಬಾಟಲಿಗೆ ಹಾಕಿದಳು. ಅತ್ತೆ ನೀರು ಹಿಡಿಯಲು ಇಳಿದಾಗ ಫೋಟೊ ತೆಗೆದು ನಿಖಿತಾಳಿಗೆ ಕಳಿಸಿದಳು. ಹಲಸೂರಿನ ನಿಖಿತಾ ಪ್ರಾಣಿಶಾಸ್ತ್ರದಲ್ಲಿ ಡಿಗ್ರಿ ಮಾಡಿ, ಕೆಲಸ ಸಿಗದೆ ಇವಳ ಜೊತೆಗೇ ಆಟೊ ಕಲಿಯುತ್ತಿದ್ದವಳು. ಎರಡೇ ನಿಮಿಷಕ್ಕೆ ಫೋನು ಬಂತು.

“ಫೋಟೊ ಮಸುಕಾಗಿದೆ ಮಗಾ. ಬೆನ್ನ ಮೇಲೆ ಕುಚ್ಚು ಇದ್ಯಾ ನೋಡು, ಹಲ್ಲುಜ್ಜೋ ಬ್ರಶ್ ಥರ.”

“ನಾಕ್ ಅದಾವ. ಸಾಲಾಗಿ.”

“ತಲೆ ಕೆಂಪಗಿದ್ಯಾ? ಮುಂದೆ ಎರಡು ಕಡೆ ಉದ್ದ ಕೂದಲು, ಕೊಂಬಿನ ಥರ?”

“ಹೌದು. ಬಾಲದ ಕಡೆನೂ ಒಂದ್ ಐತಿ.”

“ಹಂಗಾದ್ರೆ ಟಸಕ್ ಮಾತ್ ಅಂತ, ಒಂದು ಪತಂಗದ ಮರಿ. ಕೈಯಲ್ಲಿ ಮುಟ್ಬೇಡ. ಅದರ ಕೂದಲು ಮುರಿದು ಚರ್ಮಕ್ಕೆ ಚುಚ್ಕೊಂಡ್ಬಿಡುತ್ತೆ. ಹುಳಾನೇ ಬೇಕಂತಿಲ್ಲ, ಅದು ಓಡಾಡಿದ ಎಲೆ, ಮರದ ಕೆಳಗೆ ಒಣಗಿದ ಬಟ್ಟೆ, ಅದರ ಗೂಡು, ಯಾವುದ್ರಿಂದ ಬೇಕಾದ್ರೂ ಕಡಿತ ಬರುತ್ತೆ. ಅಲ್ಲೇನು ಮರ ಇದೆ?”

“ಬಾದಾಮಿ. ಅದರ ಬಾಜು ಬೇವು.”

“ಬಾದಾಮೀಲಿ ತಿಂದು ಬೇವಿಗೆ ಬಂದು ಗೂಡು ಕಟ್ತಿರ್ಬೇಕು. ಕಡಿಯೋ ಕಡೆ ಸೆಲ್ಲೊಟೇಪ್ ಅಂಟಿಸಿ ಕಿತ್ತು ನೋಡು. ಬಟ್ಟೆ ಬಿಸಿನೀರಲ್ಲಿ ಒಗಿ. ಮಂಗಳವಾರ ಬರ್ತೀಯಲ್ಲ?”

ಸೆಲ್ಲೊಟೇಪು ಇತ್ತು. ಕುತ್ತಿಗೆಗೆ ಅಂಟಿಸಿ ಕಿತ್ತು ಬೆಳಕಿಗೆ ಹಿಡಿದರೆ, ಬೂದು ಬಣ್ಣದ ಸಣ್ಣ ಸಣ್ಣ ಮುಳ್ಳಿನ ಚೂರು. ಆದರೂ ದೇವರ ಹೆಸರು ಸೇರಿಕೊಂಡ ವಿಷಯಕ್ಕೆ ಇಷ್ಟು ಸಾಕ್ಷಿ ಸಾಲದೆಂದು ಅವಳಿಗೆ ಗೊತ್ತಿತ್ತು. ಅತ್ತೆ ನಿದ್ದೆ ಹೋದ ಮಧ್ಯಾಹ್ನಗಳಲ್ಲಿ ಸೊಪ್ಪನ್ನೆಲ್ಲ ಕಾಲಿನ ಕಡೆಗೆ ತಳ್ಳಿ ಬರಿ ಚಾಪೆಯ ಮೇಲೆ ಬೆನ್ನು ಚಾಚಿದಳು. ಶುಕ್ರವಾರದ ಹೊತ್ತಿಗೆ ಬೆನ್ನು ತಣ್ಣಗಾಗಿ, ಗುಳ್ಳೆಗಳೆಲ್ಲ ಪಾದದ ಗಂಟಿಗೆ ಬಂದು ಕೂತವು. ಸೊಪ್ಪು ಹೋದಲ್ಲಿಗೆ ಗುಳ್ಳೆ ಹೋಗುತ್ತದೆ ಎಂದಾದರೆ ಇನ್ನೇನು ಉಳಿಯಿತು?

ಬಾಟಲಿ ಹಿಡಿದು ಅತ್ತೆಯ ಮುಂದೆ ಕೂತಳು. ಹುಳ ಆಗಲೇ ತನ್ನ ಕೂದಲನ್ನೇ ಕಿತ್ತು ನೂಲಿಗೆ ಬೆರೆಸಿ ಗೂಡು ಕಟ್ಟಿಕೊಂಡಿತ್ತು. ಸುಜಾತಾ ಎಲ್ಲವನ್ನೂ ಬಿಡಿಸಿ ಹೇಳಿದಳು. ಸುಭದ್ರಮ್ಮ ಕೇಳಿದಳು, ಕೇಳಿ ಪಟಪಟನೆ ತನ್ನ ಕೆನ್ನೆಗೆ ತಾನೇ ಬಡಿದುಕೊಂಡಳು.

“ಅಮ್ಮನ್ನ ಹುಳ ಅಂತೀಯೇನ್ ಬೇ? ತಪ್ಪಾತು ತಾಯಿ, ಸಣ್ಣ ಹುಡುಗಿ, ಹೊಟ್ಯಾಗ ಹಾಕ್ಕೋ.”

ಮರುದಿನ ಸೊಪ್ಪು ಎರಡು ಪಟ್ಟಾಯಿತು. ಶಿವಪುತ್ರನಿಗೆ ಫೋನು ಮಾಡಿದರೆ, “ಅವ್ವ ಹೇಳಿದಂಗ ಕೇಳು. ಟೆಸ್ಟ್ ಏನ್ ಓಡಿ ಹೋಗತೈತೇನು?” ಎಂದ. ಓಡಿಹೋಗುತ್ತದೆ, ಹದಿಮೂರನೆಯವಳ ಮನೆಗೆ ಹೋಗುತ್ತದೆ ಎಂದು ಅವಳು ಹೇಳುವುದರೊಳಗೆ ಫೋನು ಇಟ್ಟಿದ್ದ. ಆ ದಿನ ಸುಜಾತಾ ಅತ್ತಳು. ಸುಭದ್ರಮ್ಮ ತಲೆ ನೇವರಿಸಿದಳು. ನೇವರಿಸಿದ ಕೈ ಎಷ್ಟು ಮೆತ್ತಗಿತ್ತೆಂದರೆ ಅದನ್ನು ತಳ್ಳಲೂ ಆಗಲಿಲ್ಲ.

ಸೋಮವಾರ ಗೂಡು ಒಡೆಯಿತು. ಪತಂಗ ಬರುತ್ತದೆಂದು ಕಾದಿದ್ದರೆ ಹೊರಬಿದ್ದದ್ದು ಬೂದು ಬಣ್ಣದ ಒಂದು ಡುಬ್ಬನೆಯ ಮುದ್ದೆ. ರೆಕ್ಕೆಯೇ ಇಲ್ಲ. ಅದು ತನ್ನ ಗೂಡಿನ ಬೆನ್ನಿಗೇ ಅಂಟಿಕೊಂಡು ಕೂತಿತು.

“ಹೆಣ್ಣು ಅದು,” ಎಂದಳು ನಿಖಿತಾ ಫೋನಿನಲ್ಲಿ. “ಈ ಜಾತೀಲಿ ಹೆಣ್ಣಿಗೆ ರೆಕ್ಕೆ ಬರಲ್ಲ. ಗಂಡು ಹಾರ್ಕೊಂಡು ಹುಡುಕ್ಕೊಂಡು ಬರುತ್ತೆ. ಇದು ಗೂಡಿನ ಮೇಲೇ ಮೊಟ್ಟೆ ಇಟ್ಟು ಅಲ್ಲೇ ಸತ್ತೋಗುತ್ತೆ.”

ಸುಜಾತಾಳಿಗೆ ಆ ಹುಳದ ಮೇಲೆ ಕನಿಕರ ಬರಲಿಲ್ಲ, ಕೆಟ್ಟ ಸಿಟ್ಟು ಬಂತು. ಆರು ಕಾಲಿವೆಯಲ್ಲ, ನಾಲ್ಕು ಹೆಜ್ಜೆ ಆಚೆಗಾದರೂ ನಡೆಯಬಾರದೇ ಎನಿಸಿತು. ಬಾಟಲಿಯನ್ನು ಕಿಟಕಿಯ ಮೂಲೆಗೆ ನೂಕಿದಳು.

ಮಂಗಳವಾರ ಎಂಟೂವರೆಗೆ ಸುಭದ್ರಮ್ಮ ಸೊಪ್ಪು ತಬ್ಬಿಕೊಂಡು ಬಂದಳು. ಅಷ್ಟು ಸೆಕೆಯಲ್ಲೂ ಸೆರಗು ಮಣಿಕಟ್ಟಿನವರೆಗೆ ಸುತ್ತಿತ್ತು. ಕೆಲವು ದಿನದಿಂದ ಹೀಗೆಯೇ ಇದ್ದಾಳೆ ಎಂಬುದು ಸುಜಾತಾಳಿಗೆ ಆಗ ಹೊಳೆಯಿತು. ಬಗ್ಗಿ ಸೊಪ್ಪು ಹರಡುವಾಗ ಸೆರಗು ಜಾರಿತು. ಮುಂಗೈಯಿಂದ ಮೊಣಕೈವರೆಗೆ ಕೆಂಪು ಗುಳ್ಳೆ, ತುರಿಸಿ ತುರಿಸಿ ಕಪ್ಪಾದವು, ನಡುವೆ ಹೊಸವು, ಮೇಲೆ ಅರಿಸಿನದ ಲೇಪ.

“ಕೈಗೇನಾತ್ರಿ ಅತ್ತಿ?”

“ಎಲ್ಲಿ? ಏನಿಲ್ಲ. ಬಿಸಲಗುಳ್ಳಿ.”

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ, ಯಾರೂ ಕೇಳದ ಇನ್ನೊಂದು ಕೈಯನ್ನೂ ಸುಭದ್ರಮ್ಮ ಸೆರಗಿನೊಳಗೆ ಎಳೆದುಕೊಂಡಳು.

“ನಿಮ್ಮ ಮೈಗೆ ಅಮ್ಮ ಮತ್ತ ಬರಂಗಿಲ್ಲಲ್ರಿ,” ಎಂದಳು ಸುಜಾತಾ ನಿಧಾನವಾಗಿ.

ಸುಭದ್ರಮ್ಮ ಸೊಪ್ಪಿನ ಮೇಲೆಯೇ ಕುಸಿದು ಕೂತಳು. ಕೆಳಗೆ ಯಾರೋ ಬಿಂದಿಗೆ ತುಂಬಿಸುತ್ತಿದ್ದರು. ಸುಜಾತಾ ಅತ್ತೆಯ ಎದುರಿಗೆ ಕೂತಳು.

“ಯಾವಾಗಿಂದ ಗೊತ್ತಿತ್ರಿ?”

“ಎರಡನೇ ದಿನದಿಂದ.” ಸುಭದ್ರಮ್ಮ ನೆಲ ನೋಡಿದಳು. “ಮೊದಲನೇ ದಿನ ಖರೇನ ಅಮ್ಮ ಅಂದ್ಕೊಂಡಿದ್ದೆ. ಮರುದಿನ ಕೈ ಕಡೀತು. ಹೊಲದಾಗ ಬೆಳದಾಕಿ, ಕಂಬಳಿಹುಳ ನನಗ ಗೊತ್ತಾಗಂಗಿಲ್ಲೇನು?”

“ಮತ್ಯಾಕ್ರಿ ಅತ್ತಿ?”

“ನೀ ಕಲಿಯಾಕ ಹೋದ ಎರಡು ತಿಂಗಳು ನಾ ಈ ಖೋಲಿಯಾಗ ಒಬ್ಬಾಕಿ ಇದ್ದೆ. ಬಸ್ಸಿನ ನಂಬರ ಓದಾಕ ಬರಂಗಿಲ್ಲ, ಇಲ್ಲಿ ಮಂದಿ ಮಾತು ಅರ್ಧ ತಿಳಿಯಂಗಿಲ್ಲ. ಮುಂಜಾನಿಂದ ಸಂಜೀಮಟ ಆ ಬಾಗಿಲ ನೋಡ್ಕೋತ ಕುಂದ್ರತಿದ್ದೆ. ನಿನಗ ಗಾಡಿ ಬಂದ್ರ ಅದು ದಿನಾ ಹಂಗ. ನಾಕ್ ದಿನ ಮನ್ಯಾಗ ಇದ್ದೆಲ್ಲ ನೀ, ಹೊಟ್ಟಿ ತಣ್ಣಗಿತ್ತು.”

ಸುಜಾತಾಳಿಗೆ ಕೂಗಾಡಬೇಕೆನಿಸಿತು. ಎಂಟು ದಿನ ಮೈ ಹರಿದುಕೊಂಡಿದ್ದಳು, ದೇವರಿಗೆ ಹೆದರಿದ್ದಳು, ತನ್ನ ಕಣ್ಣು ಕಂಡದ್ದನ್ನೇ ಅನುಮಾನಿಸಿದ್ದಳು. ಗಡಿಯಾರದಲ್ಲಿ ಒಂಬತ್ತಾಗುತ್ತಿತ್ತು. ಕೂಗಾಡಲು ಹೊತ್ತಿರಲಿಲ್ಲ.

“ನೀರು ಹಾಕ್ರಿ,” ಎಂದಳು. “ಎಲ್ಲರಿಗೂ ಕಾಣಂಗ, ಅಂಗಳದಾಗ ಹಾಕ್ರಿ.”

ಸುಭದ್ರಮ್ಮ ಎದ್ದಳು. ನಲ್ಲಿಯ ಪಕ್ಕದ ಕಲ್ಲಿನ ಮೇಲೆ ಸೊಸೆಯನ್ನು ಕೂರಿಸಿ, ಚೊಂಬು ಚೊಂಬಾಗಿ ತಲೆಯ ಮೇಲೆ ಸುರಿದಳು. ಆದಿಲಕ್ಷ್ಮಿ ಬಾಗಿಲಿಗೆ ಬಂದು, “ಒಂಬತ್ತನೇ ದಿನಕ್ಕೇ ನೀರು ಹಾಕ್ಬಿಟ್ರಾ?” ಎಂದಳು. “ಅಮ್ಮ ಹೊಂಟ್ಲು,” ಎಂದಳು ಸುಭದ್ರಮ್ಮ, ಮುಖ ಎತ್ತದೆ. ಆದಿಲಕ್ಷ್ಮಿ ಕೈ ಮುಗಿದು ಒಳಗೆ ಹೋದಳು.

ಟ್ರಂಕಿನೊಳಗಿನ ಸೀರೆ ಉಟ್ಟು, ಒದ್ದೆ ಕೂದಲನ್ನು ಗಂಟು ಹಾಕಿ ಸುಜಾತಾ ಮೆಟ್ಟಿಲಿಳಿದಳು. “ಸಂಜಿಗೆ ಬರ್ತೀಯಲ್ಲ?” ಎಂಬ ಮಾತು ಬೆನ್ನಿಗೆ ಬಿತ್ತು. ತಿರುಗಿ ನೋಡಲಿಲ್ಲ.

ಹತ್ತಕ್ಕೆ ಐದು ನಿಮಿಷವಿರುವಾಗ ಟೆಸ್ಟಿನ ಮೈದಾನ ಮುಟ್ಟಿದಳು. ಎಂಟು ಸುತ್ತುವಾಗ ಪಾದದ ಗಂಟು ಕೆಂಡದಂತೆ ಕಡಿಯುತ್ತಿತ್ತು, ಹಲ್ಲು ಕಚ್ಚಿ ಹ್ಯಾಂಡಲ್ ಬಿಡಲಿಲ್ಲ. ಟೆಸ್ಟ್ ತೆಗೆದುಕೊಳ್ಳುವ ಸಾಹೇಬರು ಪಾಸ್ ಎಂದು ಬರೆದುಕೊಂಡರು. ಹನ್ನೆರಡು ಜನವೂ ಪಾಸು. ನಿಖಿತಾ ಎಲ್ಲರನ್ನೂ ಪುಲಿಕೇಶಿನಗರಕ್ಕೆ ಬಿರಿಯಾನಿ ತಿನ್ನಲು ಹೊರಡಿಸಿದಳು.

“ನಾ ಬರಂಗಿಲ್ಲ. ಮನಿಗೆ ಹೋಗಬೇಕು,” ಎಂದಳು ಸುಜಾತಾ.

“ಯಾಕೆ ಮಗಾ? ಇನ್ನೂ ಹನ್ನೆರಡೂ ಆಗಿಲ್ಲ.”

ಸುಜಾತಾ ಬಸ್ ಸ್ಟಾಪಿನ ಕಡೆ ನಡೆದಳು. ಬಸ್ಸಿನಲ್ಲಿ ಕಂಬಿ ಹಿಡಿದು ನಿಂತಾಗ ಅವಳಿಗೆ ಎಲ್ಲರಿಗಿಂತ ಹೆಚ್ಚು ಸಿಟ್ಟು ಬಂದದ್ದು ತನ್ನ ಮೇಲೆಯೇ. ಮೋಸ ಮಾಡಿದವಳು ಒಬ್ಬಳೇ ಕೂತಿರುತ್ತಾಳೆಂದು ನೆನೆದು ತಾನೇಕೆ ಬಿರಿಯಾನಿ ಬಿಟ್ಟು ಓಡಬೇಕು?

ಸುಭದ್ರಮ್ಮ ಮೇಲಿನ ಮೆಟ್ಟಿಲಲ್ಲಿ ಕೂತಿದ್ದಳು. ಬೆಳಿಗ್ಗೆಯಿಂದ ಅಲ್ಲೇ ಕೂತಿದ್ದಾಳೆಂದು ನೋಡಿದರೇ ಗೊತ್ತಾಗುತ್ತಿತ್ತು.

“ಬಂದ್ಯಾ?” ಎಂದಳು.

“ಬರದ ಎಲ್ಲಿಗೆ ಹೋಗ್ಲಿರಿ?” ಎಂದಳು ಸುಜಾತಾ.

ಸಿಟ್ಟಿನಿಂದ ಆಡಿದ ಮಾತು ಅದು. ಸುಭದ್ರಮ್ಮ ಸಮಾಧಾನವೆಂದು ತಿಳಿದುಕೊಂಡಳು. ಮುಖ ಅರಳಿಸಿ, ಸೊಸೆ ಒಳಗೆ ಹೋಗಲೆಂದು ಗೋಡೆಯ ಕಡೆಗೆ ಸರಿದು ಜಾಗ ಬಿಟ್ಟಳು.