ಆಫ್ರಿಕಾದಲ್ಲಿ ಫಿಲ್ಮ್ ತೆಗೆಯುವ ಮಗಳು

ಮಿಸೌರಿ ಸಿಟಿಯ ನಿವೃತ್ತ ರೇಡಿಯಾಲಜಿಸ್ಟ್ ಡಾಕ್ಟರ್ ಬದರೀನಾಥರು ಸುಳ್ಳು ಹೇಳುವವರೇ ಅಲ್ಲ. "ಮಗಳು ಏನ್ ಮಾಡ್ಕೊಂಡಿದಾಳೆ?" ಎಂದು ಯಾರಾದರೂ ಕೇಳಿದರೆ, "ಆಫ್ರಿಕಾದಲ್ಲಿ ಫಿಲ್ಮ್ ತೆಗೀತಾಳೆ" ಎನ್ನುತ್ತಿದ್ದರು, ಅಷ್ಟೇ. ಜೀವಮಾನವಿಡೀ ಎಕ್ಸ್‌ರೇ ಫಿಲ್ಮ್ ನೋಡಿದವರ ಮಗಳು ಇನ್ನೆಂಥ ಫಿಲ್ಮ್ ತೆಗೆದಾಳು? ಆಹಾ, ಎಂಥ ವೈದ್ಯಸೇವೆ ಎಂದು ಕೇಳಿದವರು ಕೈ ಮುಗಿಯುತ್ತಿದ್ದರು. ಬದರೀನಾಥರು ಆ ನಮಸ್ಕಾರವನ್ನು ತುಸು ಸಂಕೋಚದಿಂದ, ಆದರೆ ಪೂರ್ತಿಯಾಗಿ ಸ್ವೀಕರಿಸುತ್ತಿದ್ದರು.

ಮಗಳು ಪ್ರಿಯಂವದಾ ಸೆನೆಗಲ್‌ನಲ್ಲಿ ಸಿನಿಮಾ ಛಾಯಾಗ್ರಾಹಕಿ. ಡಾಕಾರ್‌ನಿಂದ ಅಕ್ರಾವರೆಗೆ ನಿರ್ದೇಶಕರು ಅವಳಿಗಾಗಿ ಶೂಟಿಂಗ್ ಮುಂದೂಡುತ್ತಾರೆ. ಆದರೆ ನಮ್ಮ ಜನಕ್ಕೆ ಇದನ್ನು ಹೇಳಿದರೆ ಏನಾಗುತ್ತದೆಂದು ಬದರೀನಾಥರಿಗೆ ಗೊತ್ತಿಲ್ಲವೇ? 'ಓ, ಕ್ಯಾಮೆರಾದವಳಾ? ನಮ್ಮ ಸೊಸೆ ಸೀಮಂತದ ವಿಡಿಯೋ ತೆಗೀತಾಳಾ?' ಎನ್ನುತ್ತಾರೆ.

ಹೀಗೆ ಎಲ್ಲ ಸುಸೂತ್ರವಾಗಿ ನಡೆದಿರುವಾಗ ಇರ್ವಿಂಗ್‌ನ ಕನ್ನಡ ಬಳಗದ ಅಧ್ಯಕ್ಷ, ಹುಬ್ಬಳ್ಳಿಯ ಚಿದಾನಂದ್, ಅವಳಿಗೆ 'ವೈದ್ಯಸೇವಾರತ್ನ' ಬಿರುದು ಘೋಷಿಸಿಬಿಟ್ಟರು. ವಾಟ್ಸಾಪಿನಲ್ಲಿ ಸನ್ಮಾನ ಸಮಾರಂಭದ ಪೋಸ್ಟರ್ ಹರಿದಾಡಿತು. ಅವಳ ಫೋಟೊಗೆ ಯಾರೋ ಪುಣ್ಯಾತ್ಮರು ಸ್ಟೆತಸ್ಕೋಪ್ ಕೂಡ ತೊಡಿಸಿದ್ದರು.

ಮಗಳ ಫೋನ್ ಬಂತು. "ಅಪ್ಪಾ, ನಾನ್ಯಾವಾಗ ಡಾಕ್ಟರ್ ಆದೆ?"

"ನಾನು ಸುಳ್ಳು ಹೇಳಿಲ್ಲ ಪುಟ್ಟಾ. ಅವ್ರೇ ಹಾಗೆ ಅರ್ಥ ಮಾಡ್ಕೊಂಡ್ರು."

"ಆ ಸನ್ಮಾನದ ದಿನವೇ ಆಸ್ಟಿನ್‌ನಲ್ಲಿ ನನ್ನ ಸಿನಿಮಾ ಶೋ ಇದೆ. ನಾನು ಅಲ್ಲಿರ್ತೀನಿ. ನೀವು ಡಿಸೈಡ್ ಮಾಡಿ."

ಬರದಿದ್ದರೂ ಪರವಾಗಿಲ್ಲ ಎನ್ನುವಂತಿದ್ದ ಆ ದನಿ ಅವರಿಗೆ ಚುಚ್ಚಿತು. ಅವಳ ಒಂದು ಸಿನಿಮಾವನ್ನೂ ಅವರು ನೋಡಿರಲಿಲ್ಲ. ಆ ದಿನ ಬಳಗಕ್ಕೆ ಒಂದು ಮಾತೂ ತಿಳಿಸದೆ ಆಸ್ಟಿನ್‌ಗೆ ಡ್ರೈವ್ ಮಾಡಿದರು. ಅವರ ಧೈರ್ಯ ಸದ್ಯಕ್ಕೆ ಅಷ್ಟೇ ಇತ್ತು.

ತೆರೆಯ ಮೇಲೆ ಒಬ್ಬ ಮುದುಕಿ ಒಂದೇ ಲಾಂದ್ರದ ಬೆಳಕಿನಲ್ಲಿ ಮೀನು ಹೆಚ್ಚುತ್ತಿದ್ದಳು. ಸುತ್ತ ಕತ್ತಲು, ಮುಖವೂ ಕಪ್ಪು, ಆದರೂ ಒಂದೊಂದು ಸುಕ್ಕೂ ಕಾಣುತ್ತಿತ್ತು. ನೆರಳಿನೊಳಗೆ ರೋಗ ಹುಡುಕುವುದನ್ನೇ ಕಸುಬು ಮಾಡಿಕೊಂಡಿದ್ದ ಬದರೀನಾಥರು ಸೀಟಿನಲ್ಲಿ ಮುಂದಕ್ಕೆ ಬಾಗಿ ಕೂತರು. ಮಗಳಿಗೆ ತಮ್ಮದೇ ಕಣ್ಣು ಬಂದಿದೆ, ತಮಗಿಂತ ಚುರುಕಾಗಿ ಬಂದಿದೆ. ಇದನ್ನು ಇಷ್ಟು ವರ್ಷ ಬಚ್ಚಿಟ್ಟೆನಲ್ಲ ಎಂದು ಅವರಿಗೆ ನಾಚಿಕೆಯಾಯಿತು.

ಲಾಬಿಯಲ್ಲಿ ಸಿನಿಮಾದ ನಿರ್ದೇಶಕಿ ಕುಂಬಾ ಓಡಿಬಂದು ಅವರ ಎರಡೂ ಕೈ ಹಿಡಿದುಕೊಂಡಳು. ನೀವು ನಲವತ್ತು ವರ್ಷ ಫಿಲ್ಮ್‌ನಲ್ಲೇ ಇದ್ದವರಂತೆ, ಎಲ್ಲವೂ ಬ್ಲ್ಯಾಕ್ ಅಂಡ್ ವೈಟ್ ಅಂತೆ, ಏನೇನು ಮಾಡಿದ್ದೀರಿ ಎಂದು ಇಂಗ್ಲಿಷಿನಲ್ಲಿ ಭಕ್ತಿಯಿಂದ ಕೇಳಿದಳು.

ಬದರೀನಾಥರು ಮಗಳತ್ತ ನೋಡಿದರು.

"ನಾನು ಸುಳ್ಳು ಹೇಳಿಲ್ಲ ಅಪ್ಪಾ," ಎಂದಳು ಪ್ರಿಯಂವದಾ. "ಅವ್ರೇ ಹಾಗೆ ಅರ್ಥ ಮಾಡ್ಕೊಂಡ್ರು."

ಕುಂಬಾಗೆ ಅವರು ತಗ್ಗಿದ ದನಿಯಲ್ಲಿ ಹೇಳಿದರು: "ಹೆಚ್ಚಾಗಿ ಎದೆ. ಒಂದಿಷ್ಟು ಬೆನ್ನುಮೂಳೆ."

ಆಗಲೇ ಚಿದಾನಂದರ ಫೋನ್ ಬಂತು. "ಎಲ್ಲಿದ್ದೀರ್ರಿ ಸರ? ಶಾಲು, ಹಾರ ಎಲ್ಲಾ ರೆಡಿ ಅದಾವ. ಡಾಕ್ಟರ್ ಎಲ್ರಿ?"

"ಡಾಕ್ಟರ್ ನಾನೊಬ್ಬನೇ, ಚಿದಾನಂದ್. ನನ್ನ ಮಗಳು ತೆಗೆಯೋದು ಎಕ್ಸ್‌ರೇ ಅಲ್ಲ, ಸಿನಿಮಾ. ನಿಮ್ಮನ್ನೆಲ್ಲ ದಾರಿ ತಪ್ಪಿಸಿದ್ದು ನಾನೇ. ಮೈಕ್‌ನಲ್ಲಿ ಹಾಗೇ ಹೇಳಿಬಿಡಿ."

ಚಿದಾನಂದ್ ದನಿ ತಗ್ಗಿಸಿದರು. "ಸಿನಿಮಾದಾಕೀ ಏನ್ರಿ? ಹಂಗಾದ್ರ ಮುಂದಿನ ತಿಂಗಳ ನಮ್ಮ ಸೊಸಿ ಸೀಮಂತ ಐತ್ರಿ..."

"ಸಾರಿ," ಎಂದರು ಬದರೀನಾಥರು, ಇಡೀ ಲಾಬಿಗೆ ಕೇಳಿಸುವಂತೆ. "ಅವಳ ಡೇಟ್ಸ್ ಇಲ್ಲ."