ಬಾಗಿಲ ಹಿಂದೆ ಕೇಳಿದ್ದು

"ಬಂದ ನೋಡಿ ಅತ್ತಿಗೆ, ಆ ಪ್ಲಂಬರ್!" ಎಂದು ನಾದಿನಿ ಕಿವಿಯಲ್ಲಿ ಉಸುರಿದಾಗ ಅವಳು ತೀರಿಹೋದ ಗಂಡನಿಗೆ ತೊಡಿಸಿದ ಅಂಗಿಗೆ ಕೊನೆಯ ಗುಂಡಿ ಹಾಕುತ್ತಿದ್ದಳು. ಕೈ ಅಲ್ಲೇ ನಿಂತಿತು.

ನೆಂಟರೆಲ್ಲ ಒಂದೇ ಸಲ ತಿರುಗಿದರು. ಬೇರೆ ಧರ್ಮದವನು, ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಹೊಸ್ತಿಲಾಚೆ ನಿಂತಿದ್ದ.

"ಎಷ್ಟು ಧೈರ್ಯ ನೋಡಿ," ಮೈದುನ ಹಲ್ಲು ಕಡಿದ. "ಬದುಕಿದ್ದಾಗ ಅಣ್ಣನ ತಲೆ ಕೆಡಿಸಿದ್ದಾಯ್ತು, ಈಗ ಹೆಣಾನೂ ನಮ್ಮದೇ ಅಂತಾನೇನೋ. ನೀವು ಹ್ಞೂಂ ಅನ್ನಿ ಅತ್ತಿಗೆ, ಕತ್ತು ಹಿಡಿದು ದಬ್ತೀನಿ."

ಅವಳು ಆ ಕೊನೆಯ ಗುಂಡಿ ಹಾಕಿ ಮುಗಿಸಿದಳು. ಅನುಮಾನ ಅವಳದೂ ಅದೇ. ಸತ್ತವರು ತಮ್ಮವರಿಗಾಗಿ ಕಾಯುತ್ತಾರೆ, ಮತ್ತೆ ಸಿಗುತ್ತಾರೆ ಎಂಬುದು ಅವಳ ಧರ್ಮದ ಮಾತು. ಗಂಡನೆಂಬ ಈ ಮಹಾನುಭಾವ ಒಳಗೊಳಗೇ ಪ್ಲಂಬರನ ಧರ್ಮದ ಕಡೆ ಹೋಗಿಬಿಟ್ಟಿದ್ದರೆ? ಆಗ ಅಲ್ಲಿ ಅವಳಿಗಾಗಿ ಕಾಯುವವರು ಯಾರು? ಅದೊಂದು ತಿಳಿಯದೆ ಅವಳಿಗೆ ಅಳು ಕೂಡ ಬಂದಿರಲಿಲ್ಲ.

*

ಎಲ್ಲ ಶುರುವಾಗಿದ್ದು ಒಂದು ಹಾಳು ನಲ್ಲಿಯಿಂದ. ರಿಪೇರಿಗೆ ಬಂದವನು ಕೆಲಸ ಮುಗಿಸಿ ಹೋಗಬೇಕೋ ಬೇಡವೋ? ಹೋಗಲಿಲ್ಲ. ಗಂಡ ಸೋಫಾ ಹೊಲಿಯುವ ಮುಂದಿನ ಕೋಣೆಯಲ್ಲಿ, ಸ್ಪ್ರಿಂಗು ಕಿತ್ತ ಕುರ್ಚಿಯ ಮೇಲೆ ಕೂತು ಹರಟೆಗಿಳಿದ. ಆಮೇಲೆ ಸಂಜೆಯಾದರೆ ಸಾಕು, ಹಾಜರ್! ಬಾಗಿಲು ಮುಚ್ಚಿಕೊಂಡು ಅದೇನು ದೇವರ ಮಾತೋ!

ಅವಳು ಬಾಗಿಲಿಗೆ ಕಿವಿಗೊಟ್ಟಳು. ಕೊಡದೆ ಬಿಡುತ್ತಾಳೆಯೇ? ಪ್ಲಂಬರನದು ಬಾಯೊಳಗಿನ ಮಾತು, ಒಂದಕ್ಷರ ಕೇಳಿಸುತ್ತಿರಲಿಲ್ಲ. ಮೊಳೆ ಹೊಡೆದೂ ಹೊಡೆದೂ ಕಿವಿ ಮಂದವಾಗಿದ್ದ ಗಂಡನದು ಮಾತ್ರ ಬೀದಿಗೆಲ್ಲ ಕೇಳುವ ಗಂಟಲು.

"ಸತ್ತೋರು ಯಾರಿಗೂ ಕಾಯಲ್ಲ ಕಣಯ್ಯಾ!"

ಇದು ತಮ್ಮ ಧರ್ಮದ ಮಾತಲ್ಲ, ಪ್ಲಂಬರನ ಕಡೆಯವರ ಮಾತು. ಗಂಡನನ್ನೇ ಕೇಳಿಬಿಡಬೇಕು ಅಂದುಕೊಂಡಳು. ಹೌದು ಅಂದುಬಿಟ್ಟರೆ ಗತಿಯೇನು ಎಂದು ನುಂಗಿಕೊಂಡಳು. ಕದ್ದು ಕೇಳುವುದನ್ನು ಮಾತ್ರ ಕೊನೆಯವರೆಗೂ ಬಿಡಲಿಲ್ಲ.

*

ಈಗ ಅವಳೇ ಎದ್ದು ಹೊಸ್ತಿಲಿಗೆ ಬಂದಳು.

"ನಿಜ ಹೇಳಿ. ನಮ್ಮೋರನ್ನ ನಿಮ್ಮ ಕಡೆ ಸೇರಿಸ್ಕೊಂಡಿದ್ರಾ?"

ಪ್ಲಂಬರ್ ಕಕ್ಕಾಬಿಕ್ಕಿಯಾದ. "ಅಯ್ಯೋ, ಇಲ್ಲಮ್ಮ! ಯಾರು ಹೇಳಿದ್ದು?"

"ಯಾರು ಯಾಕೆ ಹೇಳ್ಬೇಕು? ಈ ಕಿವಿಯಾರೆ ಕೇಳಿದೀನಿ. ನಿಮ್ಮ ದೇವರ ಪರ ಲಾಯರ್ ಥರ ವಾದ ಮಾಡ್ತಿದ್ರು."

"ಓ, ಅದಾ?" ಅವನ ಮುಖದಲ್ಲಿ ನಗು ಬಂದಂತಾಗಿ ಮಾಯವಾಯಿತು. "ಮೊದಲು ನಾವು ನಮ್ಮನಮ್ಮ ಕಡೆ ಹಿಡಿದೇ ಕಿತ್ತಾಡ್ತಿದ್ವಿ. ಒಂದಿನ ಮಾತು ಅತಿರೇಕಕ್ಕೆ ಹೋಗಿ ಅವರು ಸುತ್ತಿಗೆ ಎತ್ಕೊಂಡ್ರು, ನಾನು ನಲ್ಲಿ ತಿರುಗಿಸೋ ಪಾನಾ ಎತ್ಕೊಂಡೆ. ಆಮೇಲೆ ಇಬ್ಬರಿಗೂ ನಾಚಿಕೆ ಆಯ್ತು. ಇನ್ಮೇಲೆ ನಿನ್ನ ಧರ್ಮದ ಪರ ನಾನು ಮಾತಾಡ್ತೀನಿ, ನನ್ನದರ ಪರ ನೀನು ಮಾತಾಡು ಅಂದ್ರು. ತಪ್ಪು ಹೇಳಿದ್ರೆ ತಿದ್ಕೊಳ್ಳೋದು. ಇಬ್ಬರೂ ಬದಲಾಗ್ಲಿಲ್ಲಮ್ಮ. ಬೈಯೋಕೆ ಮಾತ್ರ ಏನೂ ಉಳೀಲಿಲ್ಲ."

"ಕಟ್ಟುಕತೆ!" ಎಂದ ಮೈದುನ. "ಸತ್ತೋರೇನು ಎದ್ದು ಸಾಕ್ಷಿ ಹೇಳ್ತಾರಾ?"

ಅವಳಿಗೂ ನಂಬಿಕೆ ಬರಲಿಲ್ಲ. "ಹಾಗಾದ್ರೆ ಈಗ ಹೇಳಿ, ನಮ್ಮ ಕಡೆಯಿಂದ. ಅವರು ಎಲ್ಲಿದಾರೆ?"

ಪ್ಲಂಬರ್ ಒಳಗೆ ಮಲಗಿಸಿದ್ದ ಗೆಳೆಯನನ್ನು ನೋಡಿದ. "ದಾರಿ ಕಾಯ್ತಿದಾರೆ. ಎಷ್ಟು ತಡ ಆದ್ರೂ ಬೇಜಾರಿಲ್ಲ. ನಿಮ್ಮ ಹೆಜ್ಜೆ ಸದ್ದಿಗೇ ಗುರುತು ಹಿಡೀತಾರೆ. ಅಲ್ಲಿ ಯಾರೂ ಯಾರನ್ನೂ ಮರೆಯಲ್ಲಮ್ಮ."

ಚಿಕ್ಕಂದಿನಲ್ಲಿ ಅವಳ ತಾಯಿ ಹೇಳಿಕೊಟ್ಟ ಹಾಗೇ ಇತ್ತು.

"ನೀವು ಇದನ್ನ ನಂಬ್ತೀರಾ?"

"ಇಲ್ಲಮ್ಮ. ಅವರು ನಂಬ್ತಿದ್ರು."

ಆ 'ಇಲ್ಲ' ಕೇಳಿದ ಮೇಲೆ ಅವಳಿಗೆ ನಂಬಿಕೆ ಬಂತು. ತಡೆದಿದ್ದ ಅಳು ಒಮ್ಮೆಲೇ ನುಗ್ಗಿತು.

ಬೀದಿಯಲ್ಲಿ ವ್ಯಾನು ಹಾರ್ನ್ ಹೊಡೆಯಿತು. ನಾಲ್ವರು ದೇಹ ಎತ್ತಿದರು. ಪ್ಲಂಬರ್ ಬಾಗಿಲ ಚೌಕಟ್ಟು ಹಿಡಿದು ಬಿಕ್ಕಿದ. "ನನ್ನ ಕಡೆ ಮಾತಾಡೋರು ಯಾರೂ ಇಲ್ವಲ್ಲಮ್ಮ ಇನ್ನು."

ಅವಳು ಮೂಗೊರೆಸಿಕೊಂಡಳು. ಬಾಗಿಲ ಹಿಂದೆ ನಿಂತು ಕೇಳಿದ್ದೆಲ್ಲ ಬಾಯಿಗೆ ಬಂತು.

"ಅಳಬೇಡಿ," ಅಂದಳು, ಗಂಡನ ಹಾಗೇ ಗಂಟಲೆತ್ತಿ. "ಸತ್ತೋರು ಯಾರಿಗೂ ಕಾಯಲ್ಲ. ಹೋಗೋರನ್ನ ಹಿಡ್ಕೋಬಾರದು. ಇರೋರ ಕಣ್ಣೀರು ಅವರ ದಾರಿ ಮುಚ್ಚುತ್ತೆ."

"ಮುಚ್ಚಲ್ಲಮ್ಮ," ಪ್ಲಂಬರ್ ಬಾಯೊಳಗೇ ತಿದ್ದಿದ. "ಒದ್ದೆ ಮಾಡುತ್ತೆ."

"ಹೌದು. ಒದ್ದೆ ಮಾಡುತ್ತೆ."

ಅವನ ಮಾತು ಯಾರಿಗೂ ಕೇಳಿಸಲಿಲ್ಲ. ಅವಳದು ಕೇಳಿಸಿತು. ನಾದಿನಿ ಬಾಯಿಗೆ ಸೆರಗು ಒತ್ತಿಕೊಂಡಳು. ಹೆಣ ಹೊತ್ತವರು ಹೊಸ್ತಿಲಲ್ಲೇ ನಿಂತುಬಿಟ್ಟರು, ಎಲ್ಲರ ಕಣ್ಣೂ ಅವಳ ಮೇಲೆ.