ಬಿಳಿಮಣ್ಣಿನ ಚಂದವ್ವ

ತೊಂಬತ್ತೊಂದರ ಬೇಸಿಗೆಯಲ್ಲಿ ಗೋವೆಯ ಪರ್ವರಿಯಲ್ಲಿ ಅರೆಬರೆ ಕಟ್ಟಿದ್ದ ಬಂಗಲೆಯೊಂದು ಮೂರು ದಿನದ ಮಟ್ಟಿಗೆ ರೋಮ್ ಪಟ್ಟಣವಾಯಿತು. ಮುಂಬಯಿಯಿಂದ ಬಂದ ಗಡ್ಡದ ನಿರ್ದೇಶಕನೊಬ್ಬ ಅಲ್ಲಿ ಇಪ್ಪತ್ತು ನಿಮಿಷದ ಸಿನಿಮಾ ತೆಗೆಯುವವನಿದ್ದ. ಕಣ್ಣಲ್ಲಿ ನೀರು ತಂದುಕೊಂಡು ಅವನು ಅರ್ಧ ತಾಸು ಹಿಂದಿಯಲ್ಲಿ ಹೇಳಿದ ಕಥೆಯನ್ನು ಕೂಲಿಯಾಳುಗಳ ಮುಕಾದಮ ಲೋಕಪ್ಪ ಗಾರೆ ಹೊರುವ ಚಂದವ್ವನಿಗೆ ಒಂದೇ ಉಸಿರಿಗೆ ದಾಟಿಸಿದ.

“ಒಬ್ಬಾವಗ ಊರಾಗಿನ ಹೆಣ್ಣ ಒಂದೂ ಮನಸಿಗೆ ಬರಲಿಲ್ಲಂತ. ಕಲ್ಲಾಗ ಒಬ್ಬಾಕೀನ ಕಡದು ಆಕೀ ಮ್ಯಾಲೆ ಪ್ರೀತಿ ಮಾಡಿದ. ದೇವಿ ಆಕೀಗೆ ಜೀವ ಕೊಟ್ಲು. ಆ ಕಲ್ಲ ನೀನ.”

“ಮಾತಾಡದಾಕಿ ಬೇಕಾಗಿದ್ಲು, ಹೌದಲ್ರಿ?” ಎಂದಳು ಚಂದವ್ವ. ಗಂಡಸರ ಆಸೆ ಯಾವ ದೇಶದಲ್ಲಾದರೂ ಒಂದೇ.

ಬುಟ್ಟಿ ಹೊತ್ತು ಏಣಿ ಹತ್ತುವಾಗಲೂ ಅವಳ ಕತ್ತು ಅಲುಗುತ್ತಿರಲಿಲ್ಲ. ಅದನ್ನು ನೋಡಿಯೇ ಅವಳನ್ನು ಆರಿಸಿದ್ದರು. ಎರಡು ದಿನ ಮೈಗೆಲ್ಲ ಬಿಳಿಮಣ್ಣು ಬಳಿದುಕೊಂಡು ಪೀಠದ ಮೇಲೆ ಕಣ್ಣು ಮುಚ್ಚಿ ನಿಂತಳು. ಶಿಲ್ಪಿಯಾದ ನಾಯಕ ಕೊರಳಿಗೆ ಸರ ತೊಡಿಸಿದ, ಬಿಕ್ಕಿದ, ಪಾದಕ್ಕೆ ಹೂವಿಟ್ಟ. “ಅಯ್ಯ, ಕಾಲ ಮುಟ್ಟಬ್ಯಾಡ್ರಿ, ಪಾಪ ಬರತೈತಿ!” ಎಂದು ಕಲ್ಲು ಹಿಂದೆ ಸರಿಯಿತು. ನಿರ್ದೇಶಕ ಹಣೆ ಹಣೆ ಚಚ್ಚಿಕೊಂಡ.

ಮೂರನೆಯ ದಿನ ಜೀವ ಬರುವುದಿತ್ತು. ಚಂದವ್ವ ಅದಕ್ಕಾಗಿಯೇ ಕಾದಿದ್ದಳು. ಹದಿನೈದು ವರ್ಷ ಬುಟ್ಟಿ ಹೊತ್ತವಳನ್ನು ಜನ ಒಮ್ಮೆಯಾದರೂ ಜೀವವಿದ್ದವಳೆಂದು ನೋಡಲಿ ಎಂಬುದೊಂದೇ ಅವಳ ಆಸೆ. ಶೆಡ್ಡಿನಲ್ಲಿ ರೊಟ್ಟಿ ಬಡಿಯುತ್ತಲೇ ಕಣ್ಣು ಮೆಲ್ಲಗೆ ತೆರೆಯುವುದನ್ನು ರೂಢಿ ಮಾಡಿಕೊಂಡಳು. “ನಿದ್ದಿ ಬಂದೈತೇನ?” ಎಂದ ಗಂಡ ಪರಮಣ್ಣ, ರೊಟ್ಟಿಯನ್ನಷ್ಟೇ ನೋಡುತ್ತ.

ಮೂರನೆಯ ದಿನ ಕಾರಿನಿಂದ ಹಾಲುಬಿಳುಪಿನ ಹುಡುಗಿಯೊಬ್ಬಳು ಇಳಿದಳು. ನಿರ್ದೇಶಕ ಹೇಳಿದ್ದನ್ನು ಲೋಕಪ್ಪ ತಲೆ ತಗ್ಗಿಸಿ ಒಪ್ಪಿಸಿದ.

“ಜೀವ ಬರೂದು ಈಕೀಗಂತ. ಬಿಳಿ ಕಲ್ಲಿನಾಗಿಂದ ಕರಿ ಹೆಣ್ಣ ಹೊಂಟ್ರ ಮಂದಿ ನಗತಾರಂತ.”

“ಹಂಗಾರ ಮಣ್ಣ ಬಳಕೊಂಡ ನಿಂದ್ರಾಕ ಈಕೀಗೆ ಏನಾಗಿತ್ರಿ?”

“ಮೈ ತುರಸತೈತಂತ.”

ಮೈ ಚಂದವ್ವನಿಗೂ ತುರಿಸಿತ್ತು, ಯಾರೂ ಕೇಳಿರಲಿಲ್ಲ. ಕಲ್ಲಿನ ಕೊನೆಯ ದೃಶ್ಯವೊಂದು ಬಾಕಿಯಿತ್ತು: ನಾಯಕ ಕೈಗೆ ಮುತ್ತಿಡುವುದು, ದೇವಿಯ ಬೆಳಕು ಬೀಳುವುದು. ಅಷ್ಟಾದ ಮೇಲೆ ಅವಳು ಇಳಿಯಬೇಕು, ಹುಡುಗಿ ಹತ್ತಬೇಕು. ಎರಡಕ್ಕೂ ಸೇರಿ ಉಳಿದದ್ದು ಒಂದೇ ರೀಲು.

ಕ್ಯಾಮೆರಾ ತಿರುಗಿತು, ಮುತ್ತು ಬಿತ್ತು. ಚಂದವ್ವ ಮೆಲ್ಲಗೆ ಕಣ್ಣು ತೆರೆದಳು. ಪೀಠದಿಂದಿಳಿದು ನಾಯಕನನ್ನು ನೇರವಾಗಿ ನೋಡಿದಳು.

“ನನಗ ಮೊದಲಿಂದನ ಜೀವ ಇತ್ತೋ ಎಪ್ಪಾ,” ಎಂದಳು.

ದೇವಿಗೆ ಹರಕೆ ಹೊತ್ತು ಅವಳನ್ನು ಬೇಡಿಕೊಂಡಿದ್ದ ಪ್ರೇಮಿ ಎರಡು ಹೆಜ್ಜೆ ಹಿಂದೆ ಹಾರಿದ. ನಿಲ್ಲಿಸೆಂದು ನಿರ್ದೇಶಕ ಅರಚುತ್ತಿದ್ದರೂ ಅವಳನ್ನೇ ನೋಡುತ್ತಿದ್ದ ಕ್ಯಾಮೆರಾದವನು ನಿಲ್ಲಿಸಲಿಲ್ಲ, ಇದ್ದೊಂದು ರೀಲು ಓಡಿ ಮುಗಿಯಿತು. ನೆರಳಲ್ಲಿ ಬೀಡಿ ಸೇದುತ್ತಿದ್ದ ಪರಮಣ್ಣ ಎದ್ದುನಿಂತು, ಮೊದಲ ಸಲ ಕಂಡವನಂತೆ ಹೆಂಡತಿಯನ್ನು ನೋಡಿದ. ಚಂದವ್ವ ಅವನತ್ತ ತಿರುಗಲಿಲ್ಲ. ಅವಳಿಗೆ ಮುಖ ತೊಳೆಯುವುದಿತ್ತು.